ಆರು ಆರೋಪಿಗಳು, ಇಬ್ಬರು ಖುಲಾಸೆ: ಉಳಿದ ನಾಲ್ವರ ಮೇಲೆ 149 ನಿಲ್ಲುತ್ತದೆಯೇ?

ತುಂಗಾತೀರ
ಎಲ್ಲರಿಗೂ ನಮಸ್ಕಾರ. ಕೊಲೆ ಮೇಲ್ಮನವಿಗಳಲ್ಲಿ ಮತ್ತೆ ಮತ್ತೆ ಏಳುವ ಒಂದು ತಕರಾರನ್ನು ಇಲ್ಲಿ ಬಿಡಿಸಿಕೊಳ್ಳೋಣ. ಕೆಳಗಿರುವುದು ಚರ್ಚೆಗಾಗಿ ಕಟ್ಟಿದ ಸನ್ನಿವೇಶ, ಯಾವ ನಿಜ ಪ್ರಕರಣವೂ ಅಲ್ಲ.

ಹೊಲದ ಬದುವಿನ ಜಗಳ. 2022ನೇ ಇಸವಿ, ಸಂಜೆ ಏಳೂವರೆ. ಎ1 (ಮೊದಲ ಆರೋಪಿ) ಕೈಯಲ್ಲಿ ಮಚ್ಚು, ಎ2 ಕೈಯಲ್ಲಿ ಕೊಡಲಿ, ಎ3 ಕೈಯಲ್ಲಿ ದೊಣ್ಣೆ. ಎ4 ಮೃತನನ್ನು ಹಿಂದಿನಿಂದ ಹಿಡಿದುಕೊಂಡ. ಎ5, ಎ6 ‘ಬಿಡಬೇಡಿ’ ಎಂದು ಕೂಗಿದರು. ಪ್ರತ್ಯಕ್ಷ ಸಾಕ್ಷಿಗಳು ಮೂವರು: ಮೃತನ ಹೆಂಡತಿ (ಪ್ರಾಸಿಕ್ಯೂಷನ್ ಸಾಕ್ಷಿ, ಅಂದರೆ ಪ್ರಾ.ಸಾ. 1, ದೂರು ಕೊಟ್ಟವರೂ ಅವರೇ), ತಮ್ಮ (ಪ್ರಾ.ಸಾ. 2, ಅವರಿಗೂ ಭುಜಕ್ಕೆ ಗಾಯ), ಚಹಾ ಅಂಗಡಿಯವರು (ಪ್ರಾ.ಸಾ. 3, ಪ್ರತಿಕೂಲ, ಅಂದರೆ ಪ್ರಾಸಿಕ್ಯೂಷನ್ ಪರ ಹೇಳದೆ ತಿರುಗಿಬಿದ್ದವರು). ಸೆಷನ್ಸ್ ನ್ಯಾಯಾಲಯ ಎ5, ಎ6 ಇಬ್ಬರನ್ನೂ ಬಿಟ್ಟು, ಉಳಿದ ನಾಲ್ವರಿಗೂ ಐಪಿಸಿ 302 (ಕೊಲೆ) ಸಹವಾಚನ 149ರ (ಅಕ್ರಮ ಕೂಟದ ಸದಸ್ಯರ ಹೊಣೆ) ಅಡಿ ಜೀವಾವಧಿ ಕೊಟ್ಟಿದೆ. 34ರ (ಒಂದೇ ಆಶಯದಿಂದ ಸೇರಿ ಮಾಡಿದ ಕೃತ್ಯಕ್ಕೆ ಎಲ್ಲರ ಹೊಣೆ) ಅಡಿ ಆರೋಪ ಹೊರಿಸಿಯೇ ಇಲ್ಲ.

ಪ್ರಶ್ನೆ ಮೂರು. ನಾಲ್ವರೇ ಉಳಿದ ಮೇಲೆ 149 ಎಲ್ಲಿಂದ ಬಂತು? ಉಳಿದ ಇಬ್ಬರು ಸಾಕ್ಷಿಗಳೂ ಮನೆಯವರೇ, ಅವರ ಮಾತಿಗೆ ತೂಕ ಎಷ್ಟು? ಒಂದೇಟೂ ಹೊಡೆಯದ ಎ4 ಕೊಲೆಗೆ ಹೊಣೆಯೇ?

ಅಡಕೆತೋಟ
ಅಕ್ರಮ ಕೂಟಕ್ಕೆ ಐದು ಜನ ಬೇಕು. ನಾಲ್ಕೇ ಇದ್ದಾರೆ. ನಾಲ್ವರೂ ಹೊರಗೆ. ಇದರಲ್ಲಿ ಚರ್ಚೆ ಏನಿದೆ?

ಕರಿಕೋಟು
ಅಷ್ಟು ಸಲೀಸಿಲ್ಲ. ಆ ಇಬ್ಬರನ್ನು ಬಿಟ್ಟಿದ್ದು ಯಾಕೆ ಅನ್ನುವುದನ್ನು ಮೊದಲು ತೀರ್ಪಿನಲ್ಲಿ ಹುಡುಕಬೇಕು. ‘ಐದಕ್ಕಿಂತ ಹೆಚ್ಚು ಜನ ಬಂದಿದ್ದು ನಿಜ, ಆದರೆ ಈ ಇಬ್ಬರ ಗುರುತು ಅನುಮಾನ’ ಎಂದು ಬಿಟ್ಟಿದ್ದರೆ ಲೆಕ್ಕ ಐದರ ಮೇಲೇ ಉಳಿಯುತ್ತದೆ, 149 ನಿಲ್ಲುತ್ತದೆ. ಧರಂ ಪಾಲ್ ಪ್ರಕರಣದಲ್ಲಿ (1975) ಸುಪ್ರೀಂ ಕೋರ್ಟ್ ಒಪ್ಪಿದ್ದು ಇದನ್ನೇ. ‘ಈ ಇಬ್ಬರು ಅಲ್ಲಿ ಇರಲೇ ಇಲ್ಲ’ ಅಂತಾದರೆ, ಆರೋಪದಲ್ಲಿ ಬೇರೆ ಅಪರಿಚಿತರ ಮಾತೂ ಇಲ್ಲದಿದ್ದರೆ, 149 ಬಿದ್ದು ಹೋಗುತ್ತದೆ. ಮೋಹನ್ ಸಿಂಗ್ ವಿರುದ್ಧ ಪಂಜಾಬ್ (1963) ನೋಡಿ: ಐವರ ಹೆಸರು, ಇಬ್ಬರು ಖುಲಾಸೆ, ಉಳಿದವರಿಗೆ 149 ಸಿಗಲಿಲ್ಲ.

ತುಂಗಾತೀರ
ಎರಡನೆಯದೇ ಅಂತ ಇಟ್ಟುಕೊಳ್ಳಿ. ‘ಸ್ಥಳದಲ್ಲಿ ಇದ್ದದ್ದು ಸಾಬೀತಾಗಿಲ್ಲ’ ಅಂತಲೇ ತೀರ್ಪು. ಆರೋಪದಲ್ಲಿ ‘ಇತರರು’ ಅನ್ನುವ ಪದವೂ ಇಲ್ಲ.

ಅಡಕೆತೋಟ
ನಾನು ಹೇಳಿದ್ದೂ ಅದೇ ಆಯ್ತಲ್ಲ.

ಅಭಿಯೋಜನೆ ಕಡೆಯವಳು
ಇಲ್ಲ. ಅದೇ ಮೋಹನ್ ಸಿಂಗ್ ತೀರ್ಪನ್ನು ಕೊನೆವರೆಗೆ ಓದಿ. 149 ಬಿದ್ದರೂ ನ್ಯಾಯಾಲಯ 34 ಹಚ್ಚಿ ಶಿಕ್ಷೆ ಉಳಿಸಿತು. 34ಕ್ಕೆ ಇಬ್ಬರಿದ್ದರೂ ಸಾಕು.

ಮೂರನೇ ವರ್ಷ
ಮೇಡಂ, 34ರ ಅಡಿ ಆರೋಪವನ್ನೇ ಹೊರಿಸಿಲ್ಲ. ಹೊರಿಸದ ಅಪರಾಧಕ್ಕೆ ಮೇಲ್ಮನವಿಯಲ್ಲಿ ಹೊಸದಾಗಿ ಶಿಕ್ಷೆ ಕೊಡುವುದು ಹೇಗೆ?

ಅಭಿಯೋಜನೆ ಕಡೆಯವಳು
34 ತಾನೇ ಒಂದು ಅಪರಾಧವಲ್ಲ, ಹೊಣೆ ಹಂಚುವ ನಿಯಮ. 302ರ ಆರೋಪ ಇದ್ದೇ ಇದೆ. ಆರೋಪದಲ್ಲಿನ ಲೋಪದಿಂದ ಆರೋಪಿಗೆ ನಿಜವಾಗಿ ಅನ್ಯಾಯವಾಗಿದೆಯೇ ಅನ್ನುವುದೇ ಪರೀಕ್ಷೆ. ಇದು ವಿಲ್ಲಿ ಸ್ಲೇನಿ (1956) ಕಾಲದಿಂದ ಇದೆ. 149 ತೆಗೆದು 34 ಹಾಕಬಹುದು ಅನ್ನುವುದನ್ನು ಚಿತ್ತರ್‌ಮಲ್ (2003), ರೋಹ್ತಾಸ್ (2020) ಎರಡರಲ್ಲೂ ಹೇಳಿದೆ.

ಕರಿಕೋಟು
ಒಪ್ಪಿದೆ, ಆದರೆ ಅರ್ಧ ಮಾತ್ರ. ಹಾಕಬಹುದು ಅಂದರೆ ತಾನಾಗೇ ಬಂದು ಕೂರುತ್ತದೆ ಅಂತಲ್ಲ. 149ರಲ್ಲಿ ಕೂಟದ ಸದಸ್ಯನಾಗಿದ್ದು, ಇಂಥದ್ದು ನಡೆಯಬಹುದು ಅಂತ ಗೊತ್ತಿದ್ದರೂ ಸಾಕು. 34ರಲ್ಲಿ ಮನಸ್ಸು ಒಂದಾಗಿರಬೇಕು, ಕೃತ್ಯದಲ್ಲಿ ಪಾಲೂ ಇರಬೇಕು. 149ಕ್ಕೆ ಸಾಕಾದ ಸಾಕ್ಷ್ಯ 34ಕ್ಕೆ ಎಷ್ಟೋ ಸಲ ಸಾಲುವುದಿಲ್ಲ. ಜೊತೆಗೆ 313ರ ಹೇಳಿಕೆ (ತನ್ನ ವಿರುದ್ಧದ ಸಾಕ್ಷ್ಯದ ಬಗ್ಗೆ ನ್ಯಾಯಾಲಯ ಆರೋಪಿಯನ್ನೇ ಕೇಳಿ ಬರೆದುಕೊಳ್ಳುವುದು) ತೆಗೆದು ನೋಡಿ. ‘ನೀನು ಹಿಡಿದುಕೊಂಡೆ, ಅದರಿಂದ ಎ1ಗೆ ಹೊಡೆಯಲು ಅನುಕೂಲವಾಯಿತು’ ಅಂತ ಎ4ಗೆ ಕೇಳಿದ್ದಾರಾ? ಕೇಳದೇ ಬಿಟ್ಟಿದ್ದರೆ ಅನ್ಯಾಯವಾಗಿದೆ ಅನ್ನುವ ವಾದಕ್ಕೆ ಅಲ್ಲೇ ಆಧಾರ.

ಪೇಪರ್‌ಬುಕ್
ಇಲ್ಲೊಂದು ಭಾಷೆಯ ತೊಡಕಿದೆ. ನಮ್ಮ ಕೆಳ ನ್ಯಾಯಾಲಯಗಳ ಕನ್ನಡ ಕಾಗದಗಳಲ್ಲಿ 34ಕ್ಕೂ ‘ಸಮಾನ ಉದ್ದೇಶ’, 149ಕ್ಕೂ ‘ಸಮಾನ ಉದ್ದೇಶ’ ಅಂತ ಬರೆದಿರುವುದು ಸಿಗುತ್ತದೆ. ಓದುವವನಿಗೆ ಎರಡೂ ಒಂದೇ. ಈ ಎಳೆಯ ಮಟ್ಟಿಗೆ 34ಕ್ಕೆ ‘ಸಮಾನ ಆಶಯ’, 149ಕ್ಕೆ ‘ಸಮಾನ ಗುರಿ’ ಅನ್ನೋಣವೇ? ಇಲ್ಲದಿದ್ದರೆ ಒಬ್ಬರ ಮಾತು ಒಬ್ಬರಿಗೆ ತಾಗುವುದಿಲ್ಲ.

ತುಂಗಾತೀರ
ಒಳ್ಳೆಯ ಸಲಹೆ. ಹಾಗೇ ಬರೆಯೋಣ.

ಉಣಕಲ್ ಕೆರಿ
ಈಗ ಸಾಕ್ಷಿ ಮಾತಿಗೆ ಬರ್ರಿ. ಮನಿಯವರು ಅಂದ ಕೂಡ್ಲೆ ಅವರ ಮಾತು ತಳ್ಳಿ ಹಾಕಾಂಗಿಲ್ರಿ. ದಲೀಪ್ ಸಿಂಗ್ (1953) ಪ್ರಕರಣದಾಗ ನ್ಯಾಯಮೂರ್ತಿ ವಿವಿಯನ್ ಬೋಸ್ ಅವರು ಅದನ್ನ ಭಾಳ ಚಲೋ ಹೇಳ್ಯಾರ. ಹತ್ತಿರದ ಸಂಬಂಧಿ ನಿಜವಾದ ಕೊಲೆಗಾರನ್ನ ಬಿಟ್ಟು ಬ್ಯಾರೇದವನ ಹೆಸರು ಹೇಳೂದು ಕಡಿಮಿ. ಅದರ ಹಳೇ ದ್ವೇಷ ಇದ್ರ, ತಪ್ಪು ಮಾಡಿದವನ ಜೋಡಿ ಮಾಡದವನ ಹೆಸರನ್ನೂ ಎಳೀತಾರ. ಬದುವಿನ ಜಗಳದಾಗ ಆಗೂದು ಇದ ಎರಡನೇದು. ಎ1ರ ಹೆಸರು ಖರೇ ಇರತದ, ಅವನ ಅಣ್ಣ, ತಮ್ಮ, ಚಿಗಪ್ಪನ ಹೆಸರು ಆಮ್ಯಾಲೆ ಕೂಡ್ಕೋತಾವ.

ಅಡಕೆತೋಟ
ಕೊಲೆ ಕೇಸಿಗೆ ಕನಿಷ್ಠ ಇಬ್ಬರು ಸಾಕ್ಷಿ ಬೇಕು ಅಂತ ನಿಯಮ ಇದೆಯಲ್ಲ?

ಕರಿಕೋಟು
ಇಲ್ಲ. ಸಾಕ್ಷ್ಯ ಅಧಿನಿಯಮದ 134ನೇ ಕಲಂ, ಈಗಿನ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿ 139, ಇಷ್ಟೇ ಸಂಖ್ಯೆ ಬೇಕು ಅನ್ನುವುದಿಲ್ಲ. ವಡಿವೇಲು ತೇವರ್ (1957) ಸಾಕ್ಷಿಗಳನ್ನು ಮೂರು ಬಗೆ ಮಾಡಿತು: ಪೂರ್ತಿ ನಂಬಬಹುದಾದವರು, ಪೂರ್ತಿ ನಂಬಲಾಗದವರು, ಎರಡರ ನಡುವಿನವರು. ಮೊದಲನೆಯ ಬಗೆಯಾದರೆ ಒಬ್ಬರೇ ಸಾಕು. ಬೆಂಬಲ ಹುಡುಕಬೇಕಾದ್ದು ಮೂರನೆಯ ಬಗೆಗೆ ಮಾತ್ರ.

ಮೂರನೇ ವರ್ಷ
ಆದರೆ ಮಸಾಲ್ಟಿ ತೀರ್ಪಿನಲ್ಲಿ ನಾಲ್ಕು ಸಾಕ್ಷಿಗಳು ಹೆಸರಿಸಿರಬೇಕು ಅಂತ ಇತ್ತಲ್ಲ ಸರ್?

ಕರಿಕೋಟು
ಅದು ದೊಡ್ಡ ಗುಂಪಿನ ಪ್ರಕರಣ. ಹತ್ತಾರು ಆರೋಪಿಗಳು, ಹತ್ತಾರು ಸಾಕ್ಷಿಗಳು. ನಾಲ್ವರಾದರೂ ಒಂದೇ ರೀತಿ ಹೇಳಿದವನಿಗೆ ಮಾತ್ರ ಶಿಕ್ಷೆ ಅಂತ ಹೈಕೋರ್ಟ್ ಅಳತೆ ಇಟ್ಟುಕೊಂಡಿತ್ತು. ಯಾಂತ್ರಿಕವಾಗಿ ಕಂಡರೂ ಅಂಥ ಕಡೆ ಅದು ತಪ್ಪಲ್ಲ ಅಂದಿತು ಸುಪ್ರೀಂ ಕೋರ್ಟ್. ಎಚ್ಚರಿಕೆಗಾಗಿ ಇಟ್ಟ ಅಳತೆ ಅದು, ಕಾನೂನಲ್ಲ. ಬಿನಯ್ ಕುಮಾರ್ ಸಿಂಗ್ (1997) ಇದನ್ನು ಬಿಡಿಸಿ ಹೇಳಿದೆ. ಆರು ಆರೋಪಿ, ಮೂರು ಸಾಕ್ಷಿ ಇರುವ ಕಡೆ ಮಸಾಲ್ಟಿ ಅಳತೆ ತರಬೇಡಿ.

ಉಣಕಲ್ ಕೆರಿ
ಗಾಯಗೊಂಡ ತಮ್ಮನ ಮಾತಿಗೆ ತೂಕ ಹೆಚ್ಚರಿ. ಅಂವ ಅಲ್ಲಿ ಇದ್ದ ಅನ್ನೂದಕ್ಕ ಅವನ ಮೈಮ್ಯಾಲಿನ ಗಾಯನ ಸಾಕ್ಷಿ. ಅಬ್ದುಲ್ ಸಯೀದ್ (2010) ನೋಡ್ರಿ.

ಕರಿಕೋಟು
ಅಲ್ಲಿ ಇದ್ದ ಅನ್ನುವುದಕ್ಕೆ ಸಾಕ್ಷಿ, ಸರಿ. ಆದರೆ ಯಾರು ಏನು ಮಾಡಿದರು ಅನ್ನುವುದು ಬೇರೆ ಮಾತು. ಭುಜಕ್ಕೆ ಏಟು ಬಿದ್ದ ಮೇಲೆ ಅವನು ಎಷ್ಟು ಕಂಡ? ಏಟು ಮೊದಲು ಬಿತ್ತೋ, ಅಣ್ಣನ ಮೇಲೆ ಹಲ್ಲೆ ಮೊದಲೋ?

ಉಣಕಲ್ ಕೆರಿ
ಅದನ್ನ ಪಾಟೀಸವಾಲಿನ್ಯಾಗ ಕೇಳಿರಬೇಕಲ್ರೀ. ಕೇಳದಿದ್ರ ಹೈಕೋರ್ಟಿನ್ಯಾಗ ಊಹಾ ಮಾಡಕ್ಕ ಬರಂಗಿಲ್ಲ.

ಕರಿಕೋಟು
ಆ ಮಾತು ಒಪ್ಪಿದೆ ಸರ್.

ತುಂಗಾತೀರ
ಹಾಗಾದರೆ ಸನ್ನಿವೇಶ ಇನ್ನಷ್ಟು ತುಂಬುತ್ತೇನೆ.

ದೂರಿನಲ್ಲಿ: ‘ಎ1 ಮಚ್ಚಿನಿಂದ ತಲೆಗೆ ಹೊಡೆದ, ಎ2 ಕೊಡಲಿಯಿಂದ ತಲೆಗೆ ಹೊಡೆದ, ಉಳಿದವರು ದೊಣ್ಣೆಯಿಂದ ಹೊಡೆದರು.’ ಹಿಡಿದುಕೊಂಡ ಮಾತಿಲ್ಲ. ಪೊಲೀಸರ ಮುಂದಿನ 161 ಹೇಳಿಕೆಯಲ್ಲಿ ತಮ್ಮ ಮಾತ್ರ ‘ಎ4 ಹಿಡಿದುಕೊಂಡ’ ಅಂದಿದ್ದಾರೆ. ಎ3 ಮುಂಗೈಗೆ ಹೊಡೆದ ಅನ್ನುವುದು ಅವರ 161ರಲ್ಲಿ ಇಲ್ಲ, ನ್ಯಾಯಾಲಯದಲ್ಲಿ ಮಾತ್ರ ಬಂದಿದೆ. ಹೆಂಡತಿ ನ್ಯಾಯಾಲಯದಲ್ಲಿ ಹೇಳಿದ್ದು: ‘ಅವರು ಕೈ ಹಿಡಿದುಕೊಂಡರು, ಆಗ ಎ1 ಮಚ್ಚಿನಿಂದ ಹೊಡೆದ.’

ಮರಣೋತ್ತರ ವರದಿ: ಗಾಯ 1, ತಲೆಯ ಎಡಭಾಗ, 9 ಸೆಂ.ಮೀ. ಉದ್ದದ ಕಡಿತ, ಮೂಳೆ ಕತ್ತರಿಸಿದೆ. ಗಾಯ 2, ತಲೆಯ ಹಿಂಭಾಗ, 5 ಸೆಂ.ಮೀ. ಉದ್ದದ ಹರಿದ ಗಾಯ. ಗಾಯ 3, ಬಲ ಮುಂಗೈಯ ಕಿರುಬೆರಳ ಬದಿಯ ಮೂಳೆ ಮುರಿತ. ಗಾಯ 4, ಬೆನ್ನ ಮೇಲೆ ತರಚು.

ಪೇಪರ್‌ಬುಕ್
ಹೆಂಡತಿಯ ಆ ಒಂದು ವಾಕ್ಯದ ಮೇಲೆ ಇಡೀ ಮೇಲ್ಮನವಿ ನಿಂತಿದೆ. ‘ಅವರು ಕೈ ಹಿಡಿದುಕೊಂಡರು.’ ಯಾರು? ನಮ್ಮ ಕಡೆ ಹೆಂಗಸರು ಗಂಡನನ್ನು ‘ಅವರು’, ‘ಇವರು’ ಅಂತಲೇ ಕರೆಯುವುದು. ಗಂಡನೇ ಎ1ನ ಕೈ ಹಿಡಿದು ತಡೆದ ಅಂತಲೂ ಇದಕ್ಕೆ ಅರ್ಥ ಬರುತ್ತದೆ. ಆರೋಪಿಗಳು ಹಿಡಿದುಕೊಂಡರು ಅಂತಲೂ ಬರುತ್ತದೆ. ‘ಹೊಡೆದರು’ ಕೂಡ ಹಾಗೇ, ಒಬ್ಬನಿಗೆ ಮರ್ಯಾದೆಯ ರೂಪವೋ, ಹಲವರಿಗೆ ಬಹುವಚನವೋ? ಇಂಗ್ಲಿಷಿಗೆ ಅನುವಾದ ಮಾಡುವವರು ಎರಡರಲ್ಲಿ ಒಂದನ್ನು ಆರಿಸಿಬಿಡುತ್ತಾರೆ. ಆಮೇಲೆ ದಿಲ್ಲಿಯವರೆಗೆ ಆ ಆಯ್ಕೆಯೇ ಸಾಕ್ಷ್ಯವಾಗಿ ಹೋಗುತ್ತದೆ. ಪೇಪರ್‌ಬುಕ್ಕಿನ (ಮೇಲ್ಮನವಿಗಾಗಿ ಕಟ್ಟಿದ ದಾಖಲೆಗಳ ಸಂಪುಟ) ಅನುವಾದ ಓದಿ ವಾದ ಬರೆಯಬೇಡಿ. ಮೂಲ ಕನ್ನಡ ಹೇಳಿಕೆ ತೆಗೆಸಿ, ಮುಖ್ಯ ವಿಚಾರಣೆ, ಪಾಟೀಸವಾಲು ಎರಡನ್ನೂ ಅಕ್ಷರ ಬಿಡದೆ ಓದಿ.

ಫೋರೆನ್ಸಿಕ್ ಮೇಷ್ಟ್ರು
ಗಾಯಗಳ ಬಗ್ಗೆ ಎರಡು ಮಾತು.

ಗಾಯ 1 ಮಚ್ಚಿನದು ಅನ್ನಲು ಅಡ್ಡಿಯಿಲ್ಲ. ಭಾರದ, ಹರಿತದ ಆಯುಧ ಬೀಸಿದರೆ ಚರ್ಮದ ಜೊತೆ ಮೂಳೆಯೂ ಕತ್ತರಿಸುತ್ತದೆ. ಗಾಯ 2 ಹರಿದ ಗಾಯ. ‘ಕೊಡಲಿಯಿಂದ ಹೊಡೆದ’ ಅಂದ ತಕ್ಷಣ ಬಾಯಿಯ ಕಡೆಯಿಂದ ಅಂತ ಎಲ್ಲರೂ ಓದುತ್ತಾರೆ. ಬಾಯಿಯಿಂದ ಬಿದ್ದಿದ್ದರೆ ಅಂಚು ಕತ್ತರಿಸಿದಂತೆ ಇರಬೇಕಿತ್ತು. ಕೊಡಲಿಯ ಹಿಂಬದಿಯಿಂದ ಬಿದ್ದಿದ್ದರೆ ಹರಿದ ಗಾಯ ಸರಿಹೋಗುತ್ತದೆ. ದೊಣ್ಣೆಯಿಂದಲೂ ಸರಿಹೋಗುತ್ತದೆ. ಸಾಕ್ಷಿಯ ಬಾಯಲ್ಲಿ ‘ಕಡಿದ’, ‘ಕೊಚ್ಚಿದ’, ‘ಹೊಡೆದ’, ಇವುಗಳಲ್ಲಿ ಯಾವ ಪದ ಬಂದಿದೆ ನೋಡಿ. ‘ಹೊಡೆದ’ ಅಂದರೆ ಹಿಂಬದಿಗೂ ಜಾಗ ಇದೆ, ‘ಕಡಿದ’ ಅಂದರೆ ಇಲ್ಲ. ತಲೆಯಲ್ಲಿ ಇನ್ನೊಂದು ಎಚ್ಚರ: ಚರ್ಮದ ಕೆಳಗೇ ಮೂಳೆ ಇರುವುದರಿಂದ ದೊಣ್ಣೆ ಏಟಿಗೂ ಚರ್ಮ ಸೀಳಿ, ನೋಡಲು ಕಡಿತದಂತೆಯೇ ಕಾಣುತ್ತದೆ. ಭೂತಗನ್ನಡಿಯಲ್ಲಿ ನೋಡಿದರೆ ಗಾಯದ ಒಳಗೆ ಎಳೆ ಎಳೆ ಅಂಗಾಂಶ ಉಳಿದಿರುತ್ತದೆ, ಕೂದಲ ಬುಡ ಜಜ್ಜಿರುತ್ತದೆ. ವೈದ್ಯರು ಅದನ್ನು ಬರೆದಿದ್ದಾರಾ ನೋಡಬೇಕು.

ಹೆಚ್ಚು ಮುಖ್ಯವಾದದ್ದು ಗಾಯ 3. ಕಿರುಬೆರಳ ಬದಿಯ ಮುಂಗೈ ಮೂಳೆ ಒಂದೇ ಮುರಿದಿದ್ದರೆ ಅದು ಬಹುತೇಕ ಏಟು ತಡೆಯಲು ಕೈ ಎತ್ತಿದಾಗ ಆಗುವ ಮುರಿತ. ಹಿಂದಿನಿಂದ ಬಿಗಿಯಾಗಿ ಹಿಡಿದುಕೊಂಡಿದ್ದರೆ ಬಲಗೈ ಎತ್ತಿದ್ದು ಹೇಗೆ?

ಕರಿಕೋಟು
ಅದ್ಭುತ ಸರ್. ಎ4ರ ಮೇಲ್ಮನವಿಯ ಮೊದಲ ಕಾರಣವೇ ಇದು.

ಅಭಿಯೋಜನೆ ಕಡೆಯವಳು
ನಿಧಾನ. ಕೈ ಎತ್ತಿ ತಡೆದ, ಮುರಿಯಿತು, ಆಮೇಲೆ ಎ4 ಹಿಡಿದುಕೊಂಡ, ಆಮೇಲೆ ಎ1 ತಲೆಗೆ ಹೊಡೆದ. ಹೀಗೂ ನಡೆದಿರಬಹುದಲ್ಲ? ಹಾಗೆ ನಡೆದಿದ್ದರೆ ಎ4ರ ಸ್ಥಿತಿ ಇನ್ನೂ ಕೆಟ್ಟದ್ದು. ದೊಣ್ಣೆ ಏಟು ಬಿದ್ದದ್ದನ್ನು ಕಂಡು, ಮಚ್ಚು ಹೊರಬಂದದ್ದನ್ನು ಕಂಡು ಹಿಡಿದುಕೊಂಡ ಅಂತಾಗುತ್ತದೆ. ಸಮಾನ ಆಶಯ ಸ್ಥಳದಲ್ಲೇ, ಕ್ಷಣದಲ್ಲೇ ಹುಟ್ಟಬಹುದು. ಪೂರ್ವತಯಾರಿ ಬೇಕೇ ಬೇಕು ಅಂತಿಲ್ಲ.

ಫೋರೆನ್ಸಿಕ್ ಮೇಷ್ಟ್ರು
ನಡೆದಿರಬಹುದು. ಗಾಯಗಳ ಕ್ರಮವನ್ನು ವೈದ್ಯರು ಸಾಮಾನ್ಯವಾಗಿ ಹೇಳಲಾರರು. ಕ್ರಮ ಸಾಕ್ಷಿಯ ಬಾಯಿಂದಲೇ ಬರಬೇಕು. ವೈದ್ಯರನ್ನು ‘ಎರಡೂ ಕೈ ಹಿಡಿದಿದ್ದಾಗ ಈ ಮುರಿತ ಸಾಧ್ಯವೇ’ ಅಂತ ಪಾಟೀಸವಾಲಿನಲ್ಲಿ ಕೇಳಿದ್ದರೆ ಉತ್ತರ ದಾಖಲೆಯಲ್ಲಿ ಇರುತ್ತಿತ್ತು.

ಮೂರನೇ ವರ್ಷ
ಹಿಡಿದುಕೊಂಡವನ ಬಗ್ಗೆ ಬರೇಂದ್ರ ಕುಮಾರ್ ಘೋಷ್ ಸಾಕಲ್ಲವೇ? ಹೊರಗೆ ನಿಂತವನೂ ಹೊಣೆ ಅಂತ.

ಕರಿಕೋಟು
ಕಲ್ಕತ್ತೆಯ ಶಂಕರಿಟೋಲ ಅಂಚೆ ಕಚೇರಿ ಪ್ರಕರಣ, ಪ್ರಿವಿ ಕೌನ್ಸಿಲ್ (ಆಗಿನ ಕೊನೆಯ ಮೇಲ್ಮನವಿ ನ್ಯಾಯಾಲಯ) ತೀರ್ಪು, ಎಐಆರ್ 1925 ಪಿಸಿ 1. ಅಲ್ಲಿ ಎಲ್ಲರೂ ಆಯುಧ ಹಿಡಿದು ದರೋಡೆಗೆ ಅಂತಲೇ ಬಂದವರು. ಬಂದ ಕೆಲಸದಲ್ಲೇ ಪಾಲಿದೆ. ಅದಕ್ಕೆ ಎದುರಾಗಿ ಮಹಬೂಬ್ ಷಾ (1945) ಇಟ್ಟು ಓದಿ. ಸಿಂಧೂ ನದಿಯ ದಡದ ಜಗಳ, ತಮ್ಮವನನ್ನು ಬಿಡಿಸಲು ಇಬ್ಬರು ಬಂದೂಕು ಹಿಡಿದು ಬಂದರು, ಒಬ್ಬನ ಗುಂಡಿಗೆ ಒಬ್ಬ ಸತ್ತ. ಬಿಡಿಸುವ ಆಶಯ ಇಬ್ಬರಿಗೂ ಇತ್ತು, ಕೊಲ್ಲುವ ಆಶಯ ಇಬ್ಬರದ್ದೂ ಒಂದೇ ಆಗಿತ್ತು ಅನ್ನಲು ಸಾಕ್ಷ್ಯ ಇಲ್ಲ ಅಂತ ಪ್ರಿವಿ ಕೌನ್ಸಿಲ್ ಇನ್ನೊಬ್ಬನನ್ನು ಕೊಲೆಯ ಹೊಣೆಯಿಂದ ಬಿಡಿಸಿತು. ಪಾಂಡುರಂಗ ವಿರುದ್ಧ ಹೈದರಾಬಾದ್ (ಎಐಆರ್ 1955 ಎಸ್‌ಸಿ 216) ಕೂಡ ಅದೇ ದಾರಿ: ಒಬ್ಬೊಬ್ಬರಿಗೂ ಒಂದೇ ಥರದ ಆಶಯ ಇರುವುದು ಬೇರೆ, ಎಲ್ಲರಿಗೂ ಸೇರಿ ಒಂದು ಆಶಯ ಇರುವುದು ಬೇರೆ. ನಮ್ಮ ಎ4 ಯಾವ ಕಡೆ ಬೀಳುತ್ತಾನೆ ಅನ್ನುವುದು ‘ಯಾವಾಗ ಹಿಡಿದ’ ಅನ್ನುವುದರ ಮೇಲಿದೆ. ಮಚ್ಚು ಬೀಸುವ ಮೊದಲು, ಮಚ್ಚು ಕಂಡ ಮೇಲೆ, ಬೀಸುವವರೆಗೂ ಬಿಡದೆ: ಈ ಮೂರೂ ಸಾಕ್ಷ್ಯದಲ್ಲಿ ಬಂದರೆ 34. ಮಾತಿನ ಜಗಳದಲ್ಲಿ ಹಿಡಿದಿದ್ದ, ಎ1 ಏಕಾಏಕಿ ಬೀಸಿದ ಅಂತಾದರೆ ಹೆಚ್ಚೆಂದರೆ 341 (ಅಕ್ರಮವಾಗಿ ತಡೆದ ಅಪರಾಧ).

ಅಡಕೆತೋಟ
ದೂರಿನಲ್ಲಿ ಹಿಡಿದ ಮಾತೇ ಇಲ್ಲ. ಅಷ್ಟೇ ಸಾಕು, ಎ4 ಬಿಡುಗಡೆ.

ಅಭಿಯೋಜನೆ ಕಡೆಯವಳು
ದೂರು ವಿಶ್ವಕೋಶ ಅಲ್ಲ. ಗಂಡ ಸತ್ತು ಎರಡು ತಾಸಾಗಿರುವ ಹೆಂಗಸು ಠಾಣೆಯಲ್ಲಿ ಕೂತು ಎಲ್ಲವನ್ನೂ ಸಾಲಾಗಿ ಹೇಳಬೇಕು ಅಂತ ಯಾವ ನ್ಯಾಯಾಲಯವೂ ಕೇಳುವುದಿಲ್ಲ. ಅವರಿಗೂ ನ್ಯಾಯ ಸಿಗಬೇಕು, ಅದನ್ನು ಮರೆಯಬೇಡಿ.

ಉಣಕಲ್ ಕೆರಿ
ಅಕ್ಕಾರ ಮಾತು ಖರೆ. ಆದ್ರ ಸಣ್ಣ ಸಂಗತಿ ಬಿಟ್ಟುಹೋಗೂದು ಬ್ಯಾರೆ, ಒಬ್ಬ ಮನಷ್ಯಾನ ಇಡೀ ಪಾತ್ರನ ಬಿಟ್ಟುಹೋಗೂದು ಬ್ಯಾರೆ. ದೂರಿನ್ಯಾಗ ಎ4ಗೂ ದೊಣ್ಣಿ ಕೊಟ್ಟಾರ, ಕೋರ್ಟಿನ್ಯಾಗ ದೊಣ್ಣಿ ಕಸಗೊಂಡು ಹಿಡಿಯೂ ಕೆಲಸ ಕೊಟ್ಟಾರ. ಇದು ಬಿಟ್ಟುಹೋಗಿದ್ದಲ್ಲ, ಬದಲಾಗಿದ್ದು.

ಮೂರನೇ ವರ್ಷ
ಅಂದರೆ ಅಷ್ಟೂ ಸಾಕ್ಷ್ಯ ಸುಳ್ಳು ಅಂತ ತಳ್ಳಿ ಹಾಕಬಹುದೇ?

ಕರಿಕೋಟು
ಇಲ್ಲ. ಒಂದು ಸುಳ್ಳಾದರೆ ಎಲ್ಲ ಸುಳ್ಳು ಅನ್ನುವ ಸೂತ್ರ ನಮ್ಮಲ್ಲಿ ನಡೆಯುವುದಿಲ್ಲ, ನಿಸಾರ್ ಅಲಿ (1957). ಹೊಟ್ಟು ತೂರಿ ಕಾಳು ಉಳಿಸಿಕೊಳ್ಳಬೇಕು. ಎ1ರ ವಿಷಯದಲ್ಲಿ ದೂರು, 161, ನ್ಯಾಯಾಲಯ, ಗಾಯ 1, ನಾಲ್ಕೂ ಒಂದೇ ಮಾತು ಹೇಳುತ್ತವೆ. ಅವನಿಗೆ ಎ4ರ ವಿಷಯದ ಗೊಂದಲದಿಂದ ಲಾಭ ಸಿಗುವುದಿಲ್ಲ.

ಪೇಪರ್‌ಬುಕ್
ವಿಚಾರಣಾ ಹಂತದಲ್ಲಿ ಆಗುವ ದೊಡ್ಡ ಎಡವಟ್ಟನ್ನು ಇಲ್ಲಿ ಹೇಳಲೇಬೇಕು. 161 ಹೇಳಿಕೆ ಕಡತದಲ್ಲಿ ಇದೆ ಅಂದ ಮಾತ್ರಕ್ಕೆ ಮೇಲ್ಮನವಿಯಲ್ಲಿ ಓದಲು ಬರುವುದಿಲ್ಲ. ವಿರೋಧಾಭಾಸವಾದರೆ ಹೇಳಿಕೆಯ ಆ ಭಾಗವನ್ನೇ ಸಾಕ್ಷಿಗೆ ಓದಿ ಹೇಳಬೇಕು. ‘ಹಾಗೆ ಹೇಳಿಲ್ಲ’ ಅಂದರೆ ಆ ಭಾಗವನ್ನು ಮಾತ್ರ ನಿ.ಡಿ. 1 (ಆರೋಪಿ ಕಡೆಯ ಮೊದಲ ನಿಶಾನೆ) ಅಂತ ಗುರುತಿಸಬೇಕು. ಆಮೇಲೆ ತನಿಖಾಧಿಕಾರಿ ಪಂಜರಕ್ಕೆ ಬಂದಾಗ ‘ಪ್ರಾ.ಸಾ. 2 ನಿಮ್ಮ ಮುಂದೆ ನಿ.ಡಿ. 1ರಂತೆ ಹೇಳಿದರೇ?’ ಅಂತ ಕೇಳಿ ರುಜುವಾತು ಮಾಡಿಸಬೇಕು. ಲೋಪವಾದರೆ, ಅಂದರೆ 161ರಲ್ಲಿ ಇಲ್ಲದ ಮಾತಾದರೆ, ಗುರುತಿಸಲು ಬರಹವೇ ಇರುವುದಿಲ್ಲ. ಆಗ ಸಾಕ್ಷಿಗೂ ಕೇಳಬೇಕು, ತನಿಖಾಧಿಕಾರಿಗೂ ‘ಎ3 ಮುಂಗೈಗೆ ಹೊಡೆದ ಅಂತ ನಿಮ್ಮ ಮುಂದೆ ಹೇಳಿಲ್ಲ ಅಲ್ಲವೇ’ ಅಂತ ಕೇಳಬೇಕು. ತಹಸೀಲ್ದಾರ್ ಸಿಂಗ್ (1959), ವಿ.ಕೆ. ಮಿಶ್ರಾ (2015). ಸಾಕ್ಷಿಗೆ ಕೇಳಿ ತನಿಖಾಧಿಕಾರಿಗೆ ಕೇಳುವುದನ್ನು ಮರೆತರೆ ಅಷ್ಟೂ ಶ್ರಮ ನೀರುಪಾಲು. ತನಿಖಾಧಿಕಾರಿ ಬರುವುದು ಕೊನೆಗೆ, ಅಷ್ಟರಲ್ಲಿ ವರ್ಷ ಕಳೆದಿರುತ್ತದೆ, ಮರೆತುಹೋಗುವುದು ಅದಕ್ಕೇ.

ತುಂಗಾತೀರ
ಬೆಳಕಿನ ಬಗ್ಗೆ ಯಾರೂ ಕೇಳಲಿಲ್ಲ?

ಉಣಕಲ್ ಕೆರಿ
ನೀವು ತಿಂಗಳ ಹೇಳಿಲ್ಲಲ್ರೀ! ಮೇ ಕಡೀಗೆ ನಮ್ಮ ಕಡೆ ಸೂರ್ಯ ಮುಳುಗೂದು ಏಳರ ಸುಮಾರಿಗೆ, ಏಳೂವರಿಗೆ ಹೊಲದಾಗ ಒಂದಿಷ್ಟು ಮಸುಕು ಬೆಳಕು. ಡಿಸೆಂಬರ್‌ದಾಗ ಆರರ ಸುಮಾರಿಗೇ ಮುಳುಗತಾನ, ಏಳೂವರಿಗೆ ಗವ್ವೆನ್ನೂ ಕತ್ತಲ. ಸ್ಥಳದ ನಕಾಶೆದಾಗ ಕಂಬ ತೋರಿಸ್ಯಾರೇನು, ಆ ಹೊತ್ತಿನ್ಯಾಗ ಕರೆಂಟ್ ಇತ್ತು ಅಂತ ವಿದ್ಯುತ್ ಕಂಪನಿ ಪತ್ರ ಐತೇನು, ಎರಡೂ ನೋಡ್ರಿ. ಆದ್ರ ದಿನಾ ನೋಡೂ ಬಾಜೂ ಹೊಲದವ್ರನ್ನ ದನಿ, ನಡಿಗಿ ಮ್ಯಾಲೇ ಗುರುತು ಹಿಡೀಬಹುದು, ನಥುನಿ ಯಾದವ್ (1997). ಯಾರು ಅನ್ನೂದು ಗೊತ್ತಾಗತದ. ಯಾರ ಕೈಯಾಗ ಏನಿತ್ತು, ಬಾಯಿ ಕಡಿಂದ ಬಿತ್ತೋ ಹಿಂಬದಿಂದ ಬಿತ್ತೋ ಅನ್ನೂದಕ್ಕ ಬೆಳಕು ಬೇಕು.

ಕರಿಕೋಟು
ಇನ್ನೊಂದು, ಪ್ರಥಮ ವರ್ತಮಾನ ವರದಿ ಮ್ಯಾಜಿಸ್ಟ್ರೇಟರಿಗೆ ತಲುಪಿದ ಹೊತ್ತು. ಅದರ ಮೇಲೆ ಅವರು ಸಹಿ ಜೊತೆ ಗಂಟೆ ಬರೆದಿರುತ್ತಾರೆ. ರಾತ್ರಿ ಒಂಬತ್ತೂವರೆಗೆ ದಾಖಲಾಗಿದೆ ಅನ್ನುವುದು ಮರುದಿನ ಮಧ್ಯಾಹ್ನ ತಲುಪಿದ್ದರೆ, ಒಯ್ದ ಕಾನ್‌ಸ್ಟೇಬಲ್ ಏನು ಕಾರಣ ಹೇಳುತ್ತಾರೆ ಅಂತ ನೋಡಿ. ಶವ ಪಂಚನಾಮೆಯಲ್ಲಿ ಆರೋಪಿಗಳ ಹೆಸರು, ಆಯುಧ ಇದೆಯೇ ಅಂತಲೂ ಹೋಲಿಸಿ. ಮೇಹರಾಜ್ ಸಿಂಗ್ (1994) ಹೇಳುವುದು ಇದನ್ನೇ. ಆರು ಹೆಸರಲ್ಲಿ ಎಷ್ಟು ಹೆಸರು ಆ ರಾತ್ರಿಯವು, ಎಷ್ಟು ಬೆಳಗಿನವು ಅನ್ನುವುದು ಅಲ್ಲಿ ಗೊತ್ತಾಗುತ್ತದೆ.

ಅಡಕೆತೋಟ
ವಿಷಯ ಬಿಟ್ಟು ಕೇಳುತ್ತಿದ್ದೇನೆ. ಎ5, ಎ6 ಖುಲಾಸೆ ಆದದ್ದನ್ನು ಹೆಂಡತಿ ಪ್ರಶ್ನಿಸಬಹುದಾ?

ಅಭಿಯೋಜನೆ ಕಡೆಯವಳು
ಖಂಡಿತ. ಅದೂ ನಮ್ಮ ರಾಜ್ಯದಿಂದಲೇ ಹೋದ ಪ್ರಕರಣ, ಮಲ್ಲಿಕಾರ್ಜುನ ಕೊಡಗಲಿ (2018). ಸಂತ್ರಸ್ತರ ಮೇಲ್ಮನವಿಗೆ ಹೈಕೋರ್ಟಿನ ಪೂರ್ವಾನುಮತಿ ಬೇಡ ಅಂತ ಬಹುಮತದ ತೀರ್ಪು. ಸರ್ಕಾರ ಹಾಕುವ ಮೇಲ್ಮನವಿಗೆ ಅನುಮತಿ ಬೇಕು.

ಕರಿಕೋಟು
ಹಾಕಬಹುದು, ಗೆಲ್ಲುವುದು ಕಷ್ಟ. ಅದಕ್ಕೂ ನಮ್ಮದೇ ತೀರ್ಪು ಅಡ್ಡ ಇದೆ, ಚಂದ್ರಪ್ಪ ವಿರುದ್ಧ ಕರ್ನಾಟಕ (2007). ಸಾಕ್ಷ್ಯ ಪೂರ್ತಿ ಮರುಪರಿಶೀಲಿಸುವ ಅಧಿಕಾರ ಇದೆ. ಆದರೆ ಖುಲಾಸೆಯಾದವನಿಗೆ ನಿರ್ದೋಷಿ ಅನ್ನುವ ಭಾವನೆ ಇಮ್ಮಡಿ. ಎರಡು ಅಭಿಪ್ರಾಯಕ್ಕೆ ಜಾಗ ಇದ್ದರೆ ಖುಲಾಸೆಯನ್ನು ಅಲುಗಿಸುವಂತಿಲ್ಲ.

ಮೂರನೇ ವರ್ಷ
ಎ3 ಮೇಲ್ಮನವಿಯನ್ನೇ ಹಾಕದಿದ್ದರೆ? ಹಣ ಇಲ್ಲದವರು ಇರುತ್ತಾರಲ್ಲ.

ಪೇಪರ್‌ಬುಕ್
ಹಣ ಇಲ್ಲ ಅಂತ ಬಿಡಬೇಕಿಲ್ಲ ತಮ್ಮಾ. ಜೈಲಿನ ಅಧಿಕಾರಿ ಮೂಲಕವೇ ಮೇಲ್ಮನವಿ ಕಳಿಸಬಹುದು, ಹೈಕೋರ್ಟ್ ಕಾನೂನು ಸೇವಾ ಸಮಿತಿಯಿಂದ ವಕೀಲರನ್ನು ಕೊಡುತ್ತಾರೆ. ಜೀವಾವಧಿಗೆ ಹೈಕೋರ್ಟಿಗೆ 60 ದಿನ, ಮರಣದಂಡನೆಗೆ 30 ದಿನ. ತೀರ್ಪಿನ ನಕಲು ಪಡೆಯಲು ಹಿಡಿದ ದಿನಗಳು ಲೆಕ್ಕಕ್ಕಿಲ್ಲ. ಇನ್ನು ಮೇಲ್ಮನವಿ ಹಾಕದವನಿಗೂ ಲಾಭ ಸಿಕ್ಕಿದ್ದುಂಟು. ಜಾವೇದ್ ಶೌಕತ್ ಅಲಿ ಖುರೇಶಿ (2023) ಪ್ರಕರಣದಲ್ಲಿ ಒಂದೇ ಸಾಕ್ಷ್ಯದ ಮೇಲೆ ಶಿಕ್ಷೆಯಾದ ಸಹ ಆರೋಪಿಗಳಿಗೂ ಸುಪ್ರೀಂ ಕೋರ್ಟ್ ತಾನಾಗಿಯೇ ಬಿಡುಗಡೆಯ ಲಾಭ ವಿಸ್ತರಿಸಿತು. ಅದನ್ನೇ ನಂಬಿ ಕೂರಬಾರದು.

ತುಂಗಾತೀರ
2024ರ ಜುಲೈ 1ರ ನಂತರದ ಘಟನೆಯಾಗಿದ್ದರೆ ಕಲಂ ಯಾವುವು? ಕೇಳುವವರು ಇರುತ್ತಾರೆ.

ಕರಿಕೋಟು
ಭಾರತೀಯ ನ್ಯಾಯ ಸಂಹಿತೆಯಲ್ಲಿ ಕೊಲೆಗೆ 103(1), ಸಮಾನ ಆಶಯಕ್ಕೆ 3(5), ಅಕ್ರಮ ಕೂಟದ ಹೊಣೆಗೆ 190. 161ರ ಹೇಳಿಕೆ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 180, 313ರದ್ದು 351. ಸಂಖ್ಯೆ ಬದಲಾಗಿದೆ, ಮೇಲಿನ ತರ್ಕ ಹಾಗೇ ಇದೆ.

ಮೂರನೇ ವರ್ಷ
ಇಷ್ಟೂ ಓದಿ ಒಂದು ಪಟ್ಟಿ ಮಾಡಿದೆ. ಅಡ್ಡಸಾಲಿಗೆ ಆರೋಪಿ, ಕಂಬಕ್ಕೆ ದೂರು, 161, ನ್ಯಾಯಾಲಯ, ಗಾಯದ ಸಂಖ್ಯೆ.
ಎ1: ಮೂರರಲ್ಲೂ ಮಚ್ಚು, ಗಾಯ 1. ಸ್ವಂತ ಕೃತ್ಯಕ್ಕೇ 302.
ಎ2: ಕೊಡಲಿ, ಗಾಯ 2, ಆದರೆ ಗಾಯ ಹರಿದದ್ದು.
ಎ3: ದೊಣ್ಣೆ, ಗಾಯ 3. 34 ನಿಲ್ಲದಿದ್ದರೆ 325 (ಗಂಭೀರ ಗಾಯ ಮಾಡಿದ್ದು).
ಎ4: ದೂರಿನಲ್ಲಿ ದೊಣ್ಣೆ, 161ರಲ್ಲಿ ತಮ್ಮ ಒಬ್ಬರೇ ‘ಹಿಡಿದ’, ನ್ಯಾಯಾಲಯದಲ್ಲಿ ‘ಅವರು’. ಗಾಯ ಇಲ್ಲ.
ಸರಿಯಿದೆಯಾ?

ಉಣಕಲ್ ಕೆರಿ
ಚಲೋ ಮಾಡಿ. ಬೆನ್ನಿನ ತರಚು, ಗಾಯ 4, ಯಾರ ಸಾಲಿನ್ಯಾಗೂ ಇಲ್ಲ. ಬಿದ್ದಾಗ ಆಗಿದ್ದೋ, ಎಳದಾಡಿದಾಗ ಆಗಿದ್ದೋ, ಒಂದು ಸಾಲು ಬರಿ.

ಪೇಪರ್‌ಬುಕ್
ಎ3ರ ಸಾಲಿನಲ್ಲಿ ಗಾಯ 3ರ ಪಕ್ಕ ಕೆಂಪು ಗುರುತು ಹಾಕಿ. ಆ ಮಾತು ತಮ್ಮನ 161ರಲ್ಲಿ ಇಲ್ಲ. ತನಿಖಾಧಿಕಾರಿಯ ಪಾಟೀಸವಾಲಿನಲ್ಲಿ ಆ ಲೋಪ ಕೇಳಿದ್ದಾರಾ ಅಂತ ನೋಡಿ, ಕೇಳಿದ್ದರೆ ಪುಟ ಸಂಖ್ಯೆ ಅಲ್ಲೇ ಬರೆದಿಡಿ.